ಕಾನೂನು ಪ್ರಶ್ನೋತ್ತರ: ವಸೂಲಿ ನೋಟಿಸ್ ಕೈಗೆ ಬಂದ ಮೇಲೆ

ಪ್ರಶ್ನೆ: ಮಾನ್ಯರೇ, ನಾನು ಗದಗ ಜಿಲ್ಲೆಯ ಸರ್ಕಾರಿ ಹಿರಿಯ ಪ್ರಾಥಮಿಕ ಶಾಲೆಯಲ್ಲಿ ಸಹ ಶಿಕ್ಷಕನಾಗಿದ್ದು ಎಂಟು ತಿಂಗಳ ಹಿಂದೆ ವಯೋನಿವೃತ್ತಿ ಹೊಂದಿದ್ದೇನೆ. 2011ರಲ್ಲಿ ನನಗೆ ಕಾಲಮಿತಿ ವೇತನ ಬಡ್ತಿ ಕೊಡುವಾಗ ಒಂದು ವೇತನ ಬಡ್ತಿಯನ್ನು ಹೆಚ್ಚಾಗಿ ಸೇರಿಸಲಾಗಿದೆ ಎಂದು ಲೆಕ್ಕಪರಿಶೋಧನೆಯಲ್ಲಿ ಆಕ್ಷೇಪಣೆ ಬಂದಿದೆಯಂತೆ. ಅಂದಿನಿಂದ ನಿವೃತ್ತಿಯವರೆಗೆ ಹೆಚ್ಚುವರಿಯಾಗಿ ಪಾವತಿಯಾದ 2,84,316 ರೂಪಾಯಿಗಳನ್ನು 15 ದಿನಗಳೊಳಗೆ ಚಲನ್ ಮೂಲಕ ಜಮೆ ಮಾಡಬೇಕು, ತಪ್ಪಿದಲ್ಲಿ ತಡೆಹಿಡಿದಿರುವ ನಿವೃತ್ತಿ ಉಪದಾನದಿಂದ (ಗ್ರಾಚ್ಯುಯಿಟಿಯಿಂದ) ಕಟಾಯಿಸಲಾಗುವುದು ಎಂದು ಕಚೇರಿಯಿಂದ ನೋಟಿಸ್ ಬಂದಿದೆ. ವೇತನ ನಿಗದಿಯಲ್ಲಿ ನನ್ನ ಪಾತ್ರವೇನೂ ಇರಲಿಲ್ಲ. ಆದರೆ 2018ರ ವೇತನ ಪರಿಷ್ಕರಣೆಯ ಸಮಯದಲ್ಲಿ, ಹೆಚ್ಚು ಪಾವತಿಯಾಗಿದ್ದರೆ ಮರಳಿಸುತ್ತೇನೆ ಎಂಬ ಮುಚ್ಚಳಿಕೆಗೆ ಎಲ್ಲರಂತೆ ನಾನೂ ಸಹಿ ಹಾಕಿದ್ದೆ. ನ್ಯಾಯಾಲಯಕ್ಕೆ ಹೋದರೆ ಫಲವಿದೆಯೇ?

ಉತ್ತರ: ಫಲವಿದೆ. ಆದರೆ ಅದು ಕಾನೂನು ನಿಮಗೆ ಕೊಟ್ಟ ಹಕ್ಕಿನಿಂದ ಬರುವ ಫಲವಲ್ಲ. ನ್ಯಾಯಾಲಯ ನ್ಯಾಯದೃಷ್ಟಿಯಿಂದ ತೋರುವ ರಿಯಾಯಿತಿಯಿಂದ ಬರುವಂಥದ್ದು. ಈ ವ್ಯತ್ಯಾಸ ಅಗತ್ಯವಾಗಿ ತಿಳಿದಿರಬೇಕು, ಏಕೆಂದರೆ ನಿಮ್ಮ ಅರ್ಜಿಯ ಒಂದೊಂದು ವಾಕ್ಯವೂ ಅದಕ್ಕೆ ತಕ್ಕಂತೆ ರೂಪುಗೊಳ್ಳಬೇಕಾಗುತ್ತದೆ. ಹಣ ಹೆಚ್ಚು ಬಂದಿದೆಯೋ ಇಲ್ಲವೋ ಎಂಬುದರ ಜೊತೆಗೆ, ಅದು ಯಾರ ಲೇಖನಿಯ ತಪ್ಪಿನಿಂದ ಬಂತು, ತಪ್ಪು ಗೊತ್ತಾಗಲು ಎಷ್ಟು ವರ್ಷ ಹಿಡಿಯಿತು, ಈಗ ಕಿತ್ತುಕೊಂಡರೆ ನಿವೃತ್ತನ ಗತಿ ಏನು ಎಂಬ ಪ್ರಶ್ನೆಗಳನ್ನೂ ನ್ಯಾಯಾಲಯ ತೂಗಿನೋಡುತ್ತದೆ.

ನಿಮ್ಮಂಥವರಿಗೆ ಮುಖ್ಯ ಆಧಾರವಾಗಿರುವುದು ಪಂಜಾಬ್ ರಾಜ್ಯ ಮತ್ತು ರಫೀಕ್ ಮಸೀಹ್ ನಡುವಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2014ರ ಡಿಸೆಂಬರ್ 18ರಂದು ನೀಡಿದ ತೀರ್ಪು. ನೌಕರನ ತಪ್ಪಿಲ್ಲದೆ ಹೆಚ್ಚು ಪಾವತಿಯಾದಾಗ ವಸೂಲಿ ಮಾಡಬಾರದ ಐದು ಸಂದರ್ಭಗಳನ್ನು ಅದು ಗುರುತಿಸಿತು: ನೌಕರ ಕೆಳ ವೃಂದಗಳಾದ ‘ಸಿ’ ಅಥವಾ ‘ಡಿ’ಗೆ ಸೇರಿದವನಾಗಿದ್ದಾಗ, ನಿವೃತ್ತನಾಗಿದ್ದಾಗ ಅಥವಾ ವಸೂಲಿ ಆದೇಶದ ದಿನದಿಂದ ಒಂದು ವರ್ಷದೊಳಗೆ ನಿವೃತ್ತನಾಗಲಿದ್ದಾಗ, ಆದೇಶಕ್ಕೆ ಮುಂಚೆ ಐದು ವರ್ಷಕ್ಕೂ ಮಿಕ್ಕಿದ ಅವಧಿಯಿಂದ ಹೆಚ್ಚುವರಿ ಪಾವತಿ ನಡೆದುಬಂದಿದ್ದಾಗ, ಕೆಳಗಿನ ಹುದ್ದೆಯಲ್ಲಿರಬೇಕಾದವನಿಂದ ಮೇಲಿನ ಹುದ್ದೆಯ ಕೆಲಸವನ್ನು ಮಾಡಿಸಿಕೊಂಡು ಅದರ ಸಂಬಳ ಕೊಟ್ಟಿದ್ದಾಗ, ಮತ್ತು ವಸೂಲಿ ಮಾಡುವುದು ತೀರಾ ಕಠೋರ ಅಥವಾ ಅನ್ಯಾಯ ಎಂದು ನ್ಯಾಯಾಲಯಕ್ಕೆ ಕಂಡುಬಂದ ಇತರ ಯಾವುದೇ ಪ್ರಕರಣದಲ್ಲಿ. ನೀವು ‘ಸಿ’ ವೃಂದದವರು, ನಿವೃತ್ತರು, ಪಾವತಿಯೂ 2011ರಿಂದ ನಡೆದಿದೆ. ಅಂದರೆ ಐದರಲ್ಲಿ ಮೂರು ಸಂದರ್ಭಗಳು ನಿಮಗೆ ಅನ್ವಯಿಸುತ್ತವೆ. 2022ರ ಮೇ ತಿಂಗಳಲ್ಲಿ ಕೇರಳದ ನಿವೃತ್ತ ಶಿಕ್ಷಕರೊಬ್ಬರ ಪ್ರಕರಣದಲ್ಲಿ, ಥಾಮಸ್ ಡೇನಿಯಲ್ ತೀರ್ಪು ಎಂದೇ ಈಗ ಪ್ರಸಿದ್ಧವಾಗಿರುವುದರಲ್ಲಿ, ಸುಪ್ರೀಂ ಕೋರ್ಟ್ ಇದೇ ನಿಲುವನ್ನು ಎತ್ತಿಹಿಡಿಯಿತು. ಅಲ್ಲಿಯೂ ಸೇವಾ ನಿಯಮವನ್ನು ತಪ್ಪಾಗಿ ಅರ್ಥೈಸಿದ್ದು ಇಲಾಖೆ, ಶಿಕ್ಷಕರು ಯಾವ ಸಂಗತಿಯನ್ನೂ ಮರೆಮಾಚಿರಲಿಲ್ಲ. ನಿಮ್ಮ ವಕೀಲರು ಮೊದಲು ಓದಬೇಕಾದದ್ದು ಈ ತೀರ್ಪನ್ನು.

ಇನ್ನು ಎದುರು ಪಕ್ಷದವರು ಏನು ಹೇಳುತ್ತಾರೆ ಎಂಬುದನ್ನೂ ತಿಳಿದಿರಿ. ಉತ್ತರಾಖಂಡದ ಚಂಡಿ ಪ್ರಸಾದ್ ಉನಿಯಾಲ್ ಪ್ರಕರಣದಲ್ಲಿ 2012ರಲ್ಲಿ ಸುಪ್ರೀಂ ಕೋರ್ಟ್, ತಪ್ಪಾಗಿ ಪಾವತಿಯಾದದ್ದು ತೆರಿಗೆದಾರರ ಹಣ, ಅದು ಕೊಟ್ಟವನದೂ ಅಲ್ಲ, ಪಡೆದವನದೂ ಅಲ್ಲ, ಆದ್ದರಿಂದ ಸಾಮಾನ್ಯವಾಗಿ ಮರಳಿಸಲೇಬೇಕು ಎಂದಿತ್ತು. ಸರ್ಕಾರಿ ವಕೀಲರು ಇದನ್ನು ತಪ್ಪದೆ ಉಲ್ಲೇಖಿಸುತ್ತಾರೆ. ಅದಕ್ಕಿಂತ ತೂಕದ್ದು 2016ರ ಜುಲೈ 29ರ ಜಗದೇವ್ ಸಿಂಗ್ ತೀರ್ಪು. ಪರಿಷ್ಕೃತ ವೇತನ ಶ್ರೇಣಿಯನ್ನು ಆಯ್ದುಕೊಳ್ಳುವಾಗ, ಹೆಚ್ಚಾದದ್ದನ್ನು ಮರಳಿಸುತ್ತೇನೆ ಎಂದು ಬರೆದುಕೊಟ್ಟಿದ್ದ ನ್ಯಾಯಾಂಗ ಅಧಿಕಾರಿಯೊಬ್ಬರು ನಿವೃತ್ತಿಯ ನಂತರವೂ ಆ ಮಾತಿಗೆ ಬದ್ಧರು ಎಂದು ಅಲ್ಲಿ ತೀರ್ಮಾನವಾಯಿತು. ಎರಡು ವರ್ಷಗಳ ಕಂತುಗಳಲ್ಲಿ ವಸೂಲಿಗೆ ಅವಕಾಶ ಸಿಕ್ಕಿತು. ನೀವು ಮುಚ್ಚಳಿಕೆಯ ವಿಷಯವನ್ನು ಮುಚ್ಚಿಡದೆ ಬರೆದದ್ದು ಒಳ್ಳೆಯದಾಯಿತು. ನನ್ನ ಬಳಿ ಬರುವ ಬಹುತೇಕರು ಅದನ್ನು ಮರೆತಿರುತ್ತಾರೆ, ಆಕ್ಷೇಪಣಾ ಹೇಳಿಕೆಯ ಜೊತೆ ಅದರ ನಕಲು ಬಂದಾಗಲೇ ನೆನಪಾಗುವುದು.

ಹಾಗೆಂದು ಎದೆಗುಂದಬೇಕಾಗಿಲ್ಲ. ನೀವು 2018ರಲ್ಲಿ ಸಹಿ ಹಾಕಿದ ಕಾಗದದ ಪ್ರತಿಯನ್ನು ಪಡೆದು ಅದರ ಪದಗಳನ್ನು ಒಂದೊಂದಾಗಿ ಓದಿ. ಪರಿಷ್ಕೃತ ವೇತನ ಶ್ರೇಣಿಯ ಆಯ್ಕೆ ಪತ್ರದ ಜೊತೆಗಿರುವ ಮುಚ್ಚಳಿಕೆ ಸಾಮಾನ್ಯವಾಗಿ ಆ ಪರಿಷ್ಕರಣೆಯ ವೇತನ ನಿಗದಿಯಲ್ಲಿ ಆಗಬಹುದಾದ ತಪ್ಪಿಗೆ ಸಂಬಂಧಿಸಿದ್ದು. ನಿಮ್ಮ ಪ್ರಕರಣದಲ್ಲಿ ತಪ್ಪು ಹುಟ್ಟಿದ್ದು ಅದಕ್ಕೂ ಏಳು ವರ್ಷ ಮೊದಲು, ಬೇರೆಯದೇ ಆದೇಶದಲ್ಲಿ. 2018ರ ಮುಚ್ಚಳಿಕೆಯನ್ನು 2011ರ ತಪ್ಪಿಗೆ ಎಳೆದು ತರಲಾಗದು ಎಂಬ ವಾದ ನನ್ನ ದೃಷ್ಟಿಯಲ್ಲಿ ಗಟ್ಟಿಯಾದದ್ದು. ಅದರ ಜೊತೆಗೆ, ಜಗದೇವ್ ಸಿಂಗ್ ಪ್ರಕರಣದ ಅಧಿಕಾರಿ ‘ಸಿ’ ವೃಂದದವರಾಗಿರಲಿಲ್ಲ. ಆ ತೀರ್ಪು ಹೊರಗಿಟ್ಟದ್ದು ನಿವೃತ್ತರ ಕುರಿತಾದ ಎರಡನೆಯ ಸಂದರ್ಭವನ್ನು. ಕೆಳ ವೃಂದದವರ ಕುರಿತಾದ ಮೊದಲನೆಯ ಸಂದರ್ಭವನ್ನು ನೀವು ಪ್ರತ್ಯೇಕವಾಗಿ ಮುಂದಿಡಬೇಕು. 2025ರ ಏಪ್ರಿಲ್‌ನಲ್ಲಿ ಒಡಿಶಾದ ನ್ಯಾಯಾಲಯವೊಂದರ ನಿವೃತ್ತ ಶೀಘ್ರಲಿಪಿಗಾರರ ಪ್ರಕರಣದಲ್ಲೂ ಸುಪ್ರೀಂ ಕೋರ್ಟ್ ವಸೂಲಿ ಆದೇಶವನ್ನು ರದ್ದುಪಡಿಸಿದೆ.

ಈಗ ನೋಟಿಸ್‌ಗೆ ಬರೋಣ. ಅದರ ಕೊನೆಯ ಪ್ಯಾರಾವನ್ನು ನಿಧಾನವಾಗಿ ಓದಿ. ‘ಏಕೆ ವಸೂಲಿ ಮಾಡಬಾರದು ಎಂಬುದಕ್ಕೆ ವಿವರಣೆ ನೀಡತಕ್ಕದ್ದು’ ಎಂದಿದ್ದರೆ ಅದು ಕಾರಣ ಕೇಳುವ ನೋಟಿಸ್. ಆ ಹಂತದಲ್ಲೇ ಓಡಿಹೋದರೆ ನ್ಯಾಯಾಲಯ ಸಾಮಾನ್ಯವಾಗಿ ‘ಮೊದಲು ಉತ್ತರ ಕೊಡಿ’ ಎಂದು ಹಿಂದಕ್ಕೆ ಕಳಿಸುತ್ತದೆ. ‘ಜಮೆ ಮಾಡತಕ್ಕದ್ದು, ತಪ್ಪಿದಲ್ಲಿ ಕಟಾಯಿಸಲಾಗುವುದು’ ಎಂದಿದ್ದರೆ, ಮೇಲೆ ನೋಟಿಸ್ ಎಂಬ ಶೀರ್ಷಿಕೆ ಇದ್ದರೂ ಒಳಗಿರುವುದು ಆದೇಶವೇ. ನೀವು ಬರೆದಿರುವುದು ನೋಡಿದರೆ ನಿಮ್ಮದು ಎರಡನೆಯ ಬಗೆಯದ್ದು. ನಿಮ್ಮ ಅಹವಾಲು ಕೇಳದೆಯೇ ಮೊತ್ತ ನಿಗದಿಯಾಗಿದೆ. ವೇತನವನ್ನು ಹಿಂದಿನಿಂದ ಇಳಿಸುವ ಮುನ್ನ ನೌಕರನಿಗೆ ತನ್ನ ಮಾತು ಹೇಳುವ ಅವಕಾಶ ಇರಲೇಬೇಕು ಎಂದು ಭಗವಾನ್ ಶುಕ್ಲಾ ಪ್ರಕರಣದಲ್ಲಿ 1994ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ಅದು ನಿಮ್ಮ ಮೊದಲ ಆಕ್ಷೇಪಣೆಯಾಗಲಿ.

ಏನೇ ಆದರೂ 15 ದಿನಗಳೊಳಗೆ ಲಿಖಿತ ಉತ್ತರ ಕೊಡಿ. ಎರಡು ಪುಟ ಸಾಕು: 2011ರ ವೇತನ ನಿಗದಿಗೆ ನೀವು ಅರ್ಜಿ ಹಾಕಿರಲಿಲ್ಲ, ಸುಳ್ಳು ಮಾಹಿತಿ ಕೊಟ್ಟಿರಲಿಲ್ಲ, ನೀವು ‘ಸಿ’ ವೃಂದದವರು, ಇಂಥ ದಿನ ನಿವೃತ್ತರಾದಿರಿ, ಆದ್ದರಿಂದ ವಸೂಲಿ ಕೈಬಿಟ್ಟು ಉಪದಾನವನ್ನು ಬಿಡುಗಡೆ ಮಾಡಬೇಕು ಎಂದು. ಕಚೇರಿಯನ್ನು ಬೈಯುವ ಸಾಲುಗಳು ಬೇಡ. ಸ್ವೀಕೃತಿಯ ಮೊಹರು ಹಾಕಿಸಿಕೊಳ್ಳಿ, ಮೊಹರು ಹಾಕಲು ಹಿಂದೆಮುಂದೆ ನೋಡಿದರೆ ಸ್ಪೀಡ್ ಪೋಸ್ಟ್‌ನಲ್ಲಿ ಕಳಿಸಿ. ನೋಟಿಸ್ ಬಂದ ಲಕೋಟೆಯನ್ನೂ ಎಸೆಯಬೇಡಿ. ಕಾಗದದ ಮೇಲಿನ ತಾರೀಖಿಗೂ ಅಂಚೆ ಮುದ್ರೆಯ ತಾರೀಖಿಗೂ ಮೂರು ವಾರ ವ್ಯತ್ಯಾಸವಿದ್ದ ಪ್ರಕರಣಗಳನ್ನು ನಾನು ಕಂಡಿದ್ದೇನೆ, ಮತ್ತು ಕಾಲಮಿತಿಯ ತಕರಾರು ಬಂದಾಗ ಆ ಲಕೋಟೆಯೇ ಕಕ್ಷಿದಾರನ ಕೈಹಿಡಿದದ್ದೂ ಉಂಟು.

ಅದೇ ದಿನ ಮಾಹಿತಿ ಹಕ್ಕು ಕಾಯ್ದೆಯಡಿ 10 ರೂಪಾಯಿ ಶುಲ್ಕದೊಂದಿಗೆ ಅರ್ಜಿ ಹಾಕಿ ನಾಲ್ಕು ದಾಖಲೆಗಳನ್ನು ಕೇಳಿ: 2011ರ ವೇತನ ನಿಗದಿ ಆದೇಶ, ಸೇವಾ ಪುಸ್ತಕದ ಆ ಪುಟ, ಲೆಕ್ಕಪರಿಶೋಧನೆಯ ಆಕ್ಷೇಪಣೆ, ಮತ್ತು 2,84,316 ರೂಪಾಯಿ ಹೇಗೆ ಬಂತು ಎಂಬ ತಿಂಗಳವಾರು ತಃಖ್ತೆ. ಸೇವಾ ಪುಸ್ತಕದ ಆ ಪುಟದಲ್ಲಿ ವೇತನ ನಿಗದಿಯ ನಮೂದಿನ ಕೆಳಗೆ ಯಾರ ಸಹಿ ಇದೆ ನೋಡಿ. ಅಲ್ಲಿ ನಿಮ್ಮದಲ್ಲದೆ ಅಧಿಕಾರಿಯ ಸಹಿ ಇರುವುದು, ವರ್ಷವರ್ಷವೂ ಅದರ ಮೇಲೆ ವಾರ್ಷಿಕ ವೇತನ ಬಡ್ತಿಯ ನಮೂದು ಬೆಳೆದಿರುವುದು, ತಪ್ಪು ಯಾರದೆಂಬುದಕ್ಕೆ ನೂರು ಮಾತಿಗಿಂತ ಬಲವಾದ ಸಾಕ್ಷ್ಯ. ತಃಖ್ತೆಯನ್ನು ನೀವೇ ಕೂಡಿ ನೋಡಿ. ತುಟ್ಟಿಭತ್ಯೆಯ ದರ ತಪ್ಪಾಗಿ ಹಾಕಿ ಮೊತ್ತ ಉಬ್ಬಿರುವುದು ಅಪರೂಪವೇನಲ್ಲ. ಮಾಹಿತಿ ಕೊಡಲು ಕಾಯ್ದೆ 30 ದಿನಗಳ ಅವಕಾಶ ಕೊಡುತ್ತದೆ. ಅದು ಬರುವವರೆಗೆ ಕೈಕಟ್ಟಿ ಕುಳಿತುಕೊಳ್ಳಬೇಡಿ.

ರಾಜ್ಯ ಸರ್ಕಾರಿ ನೌಕರರ ಸೇವಾ ವಿಷಯಗಳು ನೇರವಾಗಿ ಹೈಕೋರ್ಟಿಗೆ ಹೋಗುವುದಿಲ್ಲ; ಮೊದಲು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ, ಅಂದರೆ ಎಲ್ಲರ ಬಾಯಲ್ಲಿರುವ ಕೆಎಟಿಗೆ ಹೋಗಬೇಕು. ನಿಮಗೆ ಹತ್ತಿರದ್ದು ಬೆಳಗಾವಿ ಪೀಠ. 1985ರ ಆಡಳಿತ ನ್ಯಾಯಮಂಡಳಿಗಳ ಕಾಯ್ದೆಯ 19ನೇ ಕಲಮಿನ ಅಡಿ ಅಲ್ಲಿ ಮೂಲ ಅರ್ಜಿ ಸಲ್ಲಿಸಬೇಕು. ವಕೀಲರ ಮೂಲಕ ಹೋಗಬಹುದು, 23ನೇ ಕಲಂ ಪ್ರಕಾರ ಸ್ವತಃ ನಿಂತೂ ವಾದಿಸಬಹುದು. ಅಲ್ಲಿಯ ಆದೇಶ ಒಪ್ಪಿಗೆಯಾಗದಿದ್ದರೆ, 1997ರ ಎಲ್. ಚಂದ್ರಕುಮಾರ್ ತೀರ್ಪಿನ ಪ್ರಕಾರ ಹೈಕೋರ್ಟಿನ ವಿಭಾಗೀಯ ಪೀಠದ ಮುಂದೆ ಹೋಗಲು ದಾರಿಯಿದೆ. ನಿಮ್ಮ ಜಿಲ್ಲೆಗೆ ಅದು ಧಾರವಾಡ ಪೀಠ. ನಿಗಮ, ಮಂಡಳಿಗಳಿಂದ ನಿವೃತ್ತರಾದ ಓದುಗರು ಮಾತ್ರ ಒಂದು ವಿಷಯ ಖಚಿತಪಡಿಸಿಕೊಳ್ಳಬೇಕು: ತಮ್ಮ ಸಂಸ್ಥೆ ಕೆಎಟಿಯ ವ್ಯಾಪ್ತಿಗೆ ಬರದಿದ್ದರೆ ಅವರು ಸಂವಿಧಾನದ 226ನೇ ವಿಧಿಯಡಿ ನೇರವಾಗಿ ಹೈಕೋರ್ಟಿನಲ್ಲಿ ರಿಟ್ ಅರ್ಜಿ ಹಾಕಬೇಕಾಗುತ್ತದೆ. ಕೇಂದ್ರ ಸರ್ಕಾರದ ನೌಕರರಿಗೆ ಸಿಎಟಿ, ಅಂದರೆ ಕೇಂದ್ರ ಆಡಳಿತ ನ್ಯಾಯಮಂಡಳಿ.

ಕಾಲಮಿತಿಯ ವಿಷಯದಲ್ಲಿ ನಾನು ಸ್ವಲ್ಪ ಕಠಿಣವಾಗಿಯೇ ಮಾತನಾಡುತ್ತೇನೆ, ಏಕೆಂದರೆ ಗೆಲ್ಲಬಹುದಾದ ಪ್ರಕರಣಗಳು ಸೋಲುವುದು ಹೆಚ್ಚಾಗಿ ಇಲ್ಲಿಯೇ. ಕಾಯ್ದೆಯ 21ನೇ ಕಲಂ ಪ್ರಕಾರ ಅಂತಿಮ ಆದೇಶದಿಂದ ಒಂದು ವರ್ಷದೊಳಗೆ ಅರ್ಜಿ ಸಲ್ಲಿಸಬೇಕು. ಮನವಿ ಕೊಟ್ಟು ಆರು ತಿಂಗಳಾದರೂ ಉತ್ತರ ಬಾರದಿದ್ದರೆ, ಆ ಆರು ತಿಂಗಳು ಮುಗಿದಂದಿನಿಂದ ಒಂದು ವರ್ಷ ಲೆಕ್ಕ. ಸಮರ್ಪಕ ಕಾರಣ ತೋರಿಸಿ ವಿಳಂಬ ಮನ್ನಾ ಕೇಳಬಹುದು ನಿಜ. ಆದರೆ ‘ಮೂರು ಬಾರಿ ಮನವಿ ಕೊಟ್ಟೆ, ಸಚಿವರಿಗೂ ಬರೆದೆ, ನೋಡೋಣ ಎಂದರು’ ಎಂಬುದು ಕಾರಣವಾಗುವುದಿಲ್ಲ. ಮೇಲಿಂದ ಮೇಲೆ ಮನವಿ ಕೊಟ್ಟರೆ ಕಾಲಮಿತಿ ಬೆಳೆಯುವುದಿಲ್ಲ ಎಂದು 1989ರ ಎಸ್.ಎಸ್. ರಾಥೋಡ್ ಪ್ರಕರಣದಿಂದಲೂ ಸುಪ್ರೀಂ ಕೋರ್ಟ್ ಹೇಳುತ್ತಾ ಬಂದಿದೆ. ಕಚೇರಿಯಲ್ಲಿ ನಿಮ್ಮ ಮೇಲಿನ ಪ್ರೀತಿಯಿಂದಲೇ ‘ಸ್ವಲ್ಪ ತಾಳಿ ಸರ್, ಕಡತ ಮೇಲೆ ಹೋಗಿದೆ’ ಎನ್ನುವವರಿರುತ್ತಾರೆ. ಅವರ ಮಾತಿಗೆ ಕಾಲಮಿತಿ ನಿಲ್ಲುವುದಿಲ್ಲ.

ಅರ್ಜಿಯ ಜೊತೆಗೇ ಮಧ್ಯಂತರ ತಡೆ ಕೋರಿ. ಕಾಯ್ದೆಯ 24ನೇ ಕಲಂ ಪ್ರಕಾರ ಮಧ್ಯಂತರ ಆದೇಶಕ್ಕೆ ಮುಂಚೆ ಎದುರು ಪಕ್ಷಕ್ಕೆ ಅರ್ಜಿಯ ಪ್ರತಿ ಕೊಟ್ಟು ಅವರ ಮಾತನ್ನೂ ಕೇಳಬೇಕು. ಹಾಗೆ ಕೇಳದೆ ಕೊಡುವ ತಡೆ ಅಪರೂಪದ್ದು, ಅದೂ 14 ದಿನಗಳವರೆಗೆ ಮಾತ್ರ. ಆದ್ದರಿಂದ ಕಟಾವಣೆಯ ಹಿಂದಿನ ದಿನ ಎಚ್ಚರಗೊಳ್ಳುವ ಬದಲು ಪ್ರತಿಗಳನ್ನು ಮೊದಲೇ ತಲುಪಿಸಿ. ಕೋರಿಕೆಯಲ್ಲಿ ವಸೂಲಿ ರದ್ದತಿಯ ಜೊತೆಗೆ, ತಡೆಹಿಡಿದ ಉಪದಾನವನ್ನು ಬಿಡುಗಡೆ ಮಾಡಬೇಕೆಂದೂ, ಅಷ್ಟರಲ್ಲಿ ಕಟಾಯಿಸಿದ್ದರೆ ಮರುಪಾವತಿ ಮಾಡಬೇಕೆಂದೂ ಸ್ಪಷ್ಟವಾಗಿ ಸೇರಿಸಿ. ಕೇಳದ್ದನ್ನು ನ್ಯಾಯಮಂಡಳಿ ತಾನಾಗಿ ಕೊಡುವುದು ವಿರಳ. ಪಿಂಚಣಿ ಮತ್ತು ಉಪದಾನ ಸರ್ಕಾರದ ಕೃಪೆಯಲ್ಲ, ಸಂವಿಧಾನದ 300ಎ ವಿಧಿಯ ಅರ್ಥದಲ್ಲಿ ನೌಕರನ ಆಸ್ತಿ, ಕಾನೂನಿನ ಅಧಿಕಾರವಿಲ್ಲದೆ ಅದನ್ನು ತಡೆಹಿಡಿಯುವಂತಿಲ್ಲ ಎಂದು 2013ರ ಜಾರ್ಖಂಡ್ ರಾಜ್ಯ ಮತ್ತು ಜಿತೇಂದ್ರ ಕುಮಾರ್ ಶ್ರೀವಾಸ್ತವ ಪ್ರಕರಣ ಹೇಳುತ್ತದೆ. ಕರ್ನಾಟಕ ಸೇವಾ ನಿಯಮಾವಳಿಯ 214ನೇ ನಿಯಮ ಪಿಂಚಣಿಯಿಂದ ವಸೂಲಿಗೆ ಅಧಿಕಾರ ಕೊಡುತ್ತದಲ್ಲ ಎಂದು ಕೇಳಬಹುದು. ಅದು ನೌಕರನ ದುರ್ನಡತೆ ಅಥವಾ ನಿರ್ಲಕ್ಷ್ಯದಿಂದ ಆದ ನಷ್ಟದ ಕುರಿತಾದದ್ದು, ಗುಮಾಸ್ತರ ಕೂಡುವ ತಪ್ಪಿಗೆ ಅನ್ವಯಿಸುವಂಥದ್ದಲ್ಲ.

ಒಂದು ಅಪ್ರಿಯ ಮಾತನ್ನೂ ಹೇಳಲೇಬೇಕು. ವಸೂಲಿ ರದ್ದಾದರೂ ವೇತನ ಸರಿಪಡಿಸುವ ಅಧಿಕಾರ ಕಚೇರಿಗೆ ಉಳಿದಿರುತ್ತದೆ. 2011ರ ಬಡ್ತಿ ನಿಜವಾಗಿಯೂ ತಪ್ಪಾಗಿದ್ದರೆ, ನಿಮ್ಮ ಅಂತಿಮ ವೇತನ ಮರುನಿಗದಿಯಾಗಿ ಪಿಂಚಣಿ ಅಷ್ಟರಮಟ್ಟಿಗೆ ಇಳಿಯಬಹುದು. ತಪ್ಪು ಬಡ್ತಿಯನ್ನು ಮುಂದುವರಿಸಿ ಎಂದು ಕೇಳುವುದೂ ಈಗಾಗಲೇ ಖರ್ಚಾದ ಹಣವನ್ನು ಕೇಳಬೇಡಿ ಎನ್ನುವುದೂ ಒಂದೇ ಅಲ್ಲ; ಮೊದಲನೆಯದಕ್ಕೆ ನಿಯಮವೇ ಬೆಂಬಲವಾಗಿರಬೇಕು. ಬಡ್ತಿ ಸರಿಯಾಗಿಯೇ ಇತ್ತು ಎಂದು ನಿಮಗೆ ಅನ್ನಿಸಿದರೆ ಎರಡೂ ವಾದಗಳನ್ನು ಬಿಡಿಬಿಡಿಯಾಗಿ ಮಂಡಿಸಿ. ಅನ್ನಿಸದಿದ್ದರೆ ವಸೂಲಿಯೊಂದನ್ನೇ ಪ್ರಶ್ನಿಸಿ. ಎರಡನ್ನೂ ಕಲಸಿದ ಅರ್ಜಿಯಲ್ಲಿ ದುರ್ಬಲ ವಾದ ಬಲವಾದದ್ದನ್ನೂ ಕೆಳಗೆಳೆಯುತ್ತದೆ.

ಪ್ರಶ್ನೆ: ನಮ್ಮ ತಂದೆಯವರು 2008ರಲ್ಲಿ ರಾಜ್ಯದ ನಿಗಮವೊಂದರಿಂದ ಸಣ್ಣ ಉದ್ದಿಮೆಗೆಂದು 60,000 ರೂಪಾಯಿ ಸಾಲ ಪಡೆದಿದ್ದರು. 2010ರ ನಂತರ ಕಂತು ಕಟ್ಟಿಲ್ಲ. 2015ರಲ್ಲಿ ಅವರು ತೀರಿಕೊಂಡರು. ಈಗ ಬಡ್ಡಿ ಸೇರಿ 1,97,000 ರೂಪಾಯಿಗಳನ್ನು ಭೂಕಂದಾಯ ಬಾಕಿಯಂತೆ ವಸೂಲಿ ಮಾಡುವುದಾಗಿ ತಾಲ್ಲೂಕು ಕಚೇರಿಯಿಂದ ನನಗೆ ನೋಟಿಸ್ ಬಂದಿದೆ. ಜಮೀನು ಜಪ್ತಿಯಾಗುತ್ತದೆಯೇ? (ಒಬ್ಬ ಓದುಗರು, ದಾವಣಗೆರೆ ಜಿಲ್ಲೆ)

ಉತ್ತರ: 1964ರ ಕರ್ನಾಟಕ ಭೂಕಂದಾಯ ಕಾಯ್ದೆ ಮತ್ತು 1979ರ ಸಾರ್ವಜನಿಕ ಹಣ ವಸೂಲಿಗೆ ಸಂಬಂಧಿಸಿದ ಕರ್ನಾಟಕದ ಕಾಯ್ದೆಯಡಿ, ಇಂಥ ಬಾಕಿಯನ್ನು ದಾವೆ ಹೂಡದೆಯೇ ಕಂದಾಯದಂತೆ ವಸೂಲಿ ಮಾಡಲು ದಾರಿಯಿದೆ. ಆದರೆ ಅದು ವಸೂಲಿಯ ಹತ್ತಿರದ ದಾರಿ ಮಾತ್ರ, ಸತ್ತ ಸಾಲಕ್ಕೆ ಜೀವ ತುಂಬುವ ಮಂತ್ರವಲ್ಲ. ಕೇರಳದ ಕಂದಾಯ ವಸೂಲಿ ಕಾಯ್ದೆಯ ಬಗ್ಗೆ 1999ರಲ್ಲಿ ವಿ.ಆರ್. ಕಲ್ಯಾಣಿಕುಟ್ಟಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ‘ಬಾಕಿ’ ಎಂದರೆ ಕಾನೂನಿನ ಪ್ರಕಾರ ವಸೂಲಿ ಮಾಡಬಹುದಾದ ಬಾಕಿ, ಕಾಲಮಿತಿ ಮೀರಿದ ಸಾಲವನ್ನು ಈ ಮಾರ್ಗದಲ್ಲಿ ವಸೂಲಿ ಮಾಡಲಾಗದು ಎಂದು ತೀರ್ಮಾನಿಸಿತು. ಆ ತರ್ಕವನ್ನು ಇಲ್ಲಿಯೂ ಮುಂದಿಡಬಹುದು. ಅಡಮಾನವಿಲ್ಲದ ಸಾಲಕ್ಕೆ ಕಾಲಮಿತಿ ಮೂರು ವರ್ಷ, ಅಡಮಾನವಿದ್ದರೆ ಹನ್ನೆರಡು. ಸರ್ಕಾರವೇ ಹೂಡುವ ದಾವೆಗೆ ಮೂವತ್ತು ವರ್ಷಗಳಿವೆ. ಆದರೆ ನಿಗಮ ಪ್ರತ್ಯೇಕ ಸಂಸ್ಥೆ, ಸರ್ಕಾರವಲ್ಲ ಎಂಬ ವಾದಕ್ಕೆ ಇಲ್ಲಿ ಬೆಲೆ ಬರುತ್ತದೆ. ಹಾಗಾಗಿ ಮೊದಲು ಸಾಲದ ಕಡತದ ಪ್ರತಿ ಪಡೆದು, ಜಮೀನು ಅಡಮಾನವಾಗಿತ್ತೇ, ತಂದೆಯವರು ಮಧ್ಯೆ ಸಾಲ ಒಪ್ಪಿಕೊಂಡು ಸಹಿ ಹಾಕಿದ್ದಾರೆಯೇ ಎಂದು ನೋಡಿ. ಪಹಣಿಯ ಋಣದ ಕಾಲಮ್ಮಿನಲ್ಲಿ ನಿಗಮದ ಹೆಸರಿದ್ದರೆ ಅದೂ ಸುಳಿವು ಕೊಡುತ್ತದೆ.

ತಂದೆಯ ಸಾಲಕ್ಕೆ ಮಗ ಹೊಣೆಯಾಗುವುದು, ತಾನು ಜಾಮೀನು ನಿಂತಿರದ ಹೊರತು, ತಂದೆಯಿಂದ ಬಂದ ಆಸ್ತಿಯ ಮಟ್ಟಿಗೆ ಮಾತ್ರ. ಮಗನಾದ ಕಾರಣಕ್ಕೇ ತೀರಿಸಬೇಕೆಂಬ ಹಳೆಯ ಹಿಂದೂ ಕಾನೂನಿನ ಧಾರ್ಮಿಕ ಹೊಣೆ, 2005ರ ಸೆಪ್ಟೆಂಬರ್ 9ರಂದು ಜಾರಿಗೆ ಬಂದ ಉತ್ತರಾಧಿಕಾರ ಕಾಯ್ದೆಯ ತಿದ್ದುಪಡಿಯ ನಂತರದ ಸಾಲಗಳಿಗೆ ಇಲ್ಲ; ನಿಮ್ಮದು 2008ರದು. ನೀವೇ ದುಡಿದು ಕೊಂಡ ಜಮೀನಿದ್ದರೆ ಕ್ರಯಪತ್ರದ ಪ್ರತಿಯನ್ನು ಆಕ್ಷೇಪಣೆಗೆ ಲಗತ್ತಿಸಿ. ತಹಶೀಲ್ದಾರರಿಗೆ ಲಿಖಿತ ಆಕ್ಷೇಪಣೆ ಕೊಟ್ಟ ಮೇಲೂ ಜಪ್ತಿಗೆ ಮುಂದಾದರೆ ಹೈಕೋರ್ಟಿನಲ್ಲಿ ರಿಟ್ ಅರ್ಜಿ ಸಲ್ಲಿಸಬಹುದು. ಅಲ್ಲಿಯವರೆಗೆ ಒಂದು ಎಚ್ಚರಿಕೆ: ‘ಸ್ವಲ್ಪ ಕಾಲಾವಕಾಶ ಕೊಟ್ಟರೆ ತೀರಿಸುತ್ತೇನೆ’ ಎಂದು ಬರೆದುಕೊಡಬೇಡಿ. ಕಾಲ ಮೀರಿದ ಸಾಲವನ್ನು ತೀರಿಸುವುದಾಗಿ ಸಹಿ ಮಾಡಿಕೊಟ್ಟ ಪತ್ರ, 1872ರ ಕರಾರು ಕಾಯ್ದೆಯ 25(3)ನೇ ಕಲಮಿನಂತೆ ಹೊಸ ಕರಾರೇ ಆಗಿಬಿಡುತ್ತದೆ.

ಪ್ರಶ್ನೆ: ನನ್ನ ಪತಿ ಸೇವೆಯಲ್ಲಿರುವಾಗಲೇ ತೀರಿಕೊಂಡರು. ಕುಟುಂಬ ಪಿಂಚಣಿಯ ಹೆಚ್ಚಿನ ದರವನ್ನು ಅವಧಿ ಮುಗಿದ ಮೇಲೂ ಬ್ಯಾಂಕ್ ಎರಡು ವರ್ಷ ಪಾವತಿಸಿತ್ತು ಎಂದು ಈಗ ಪ್ರತಿ ತಿಂಗಳೂ ಪಿಂಚಣಿಯ ಅರ್ಧದಷ್ಟನ್ನು ಹಿಡಿಯುತ್ತಿದ್ದಾರೆ. ನೋಟಿಸನ್ನೇ ಕೊಟ್ಟಿಲ್ಲ. ವಕೀಲರಿಗೆ ಕೊಡಲು ಹಣವಿಲ್ಲ. (ಒಬ್ಬ ಮಹಿಳೆ, ಮೈಸೂರು)

ಉತ್ತರ: ತಾಯಿ, ನಿಮ್ಮ ಪ್ರಕರಣ ಮೇಲಿನ ಶಿಕ್ಷಕರದರಷ್ಟು ಸಲೀಸಲ್ಲ. ಹೆಚ್ಚಿನ ದರ ಯಾವ ದಿನ ನಿಲ್ಲಬೇಕು ಎಂಬುದು ನಿಮ್ಮ ಪಿಂಚಣಿ ಪಾವತಿ ಆದೇಶದಲ್ಲೇ ನಮೂದಾಗಿರುತ್ತದೆ, ಹಾಗೂ ಖಾತೆ ತೆರೆಯುವಾಗ ಹೆಚ್ಚು ಬಂದದ್ದನ್ನು ಹಿಂದಿರುಗಿಸುವ ಒಪ್ಪಿಗೆಯನ್ನು ಬ್ಯಾಂಕುಗಳು ಬರೆಸಿಕೊಂಡಿರುತ್ತವೆ. ಆದರೂ ಒಂದು ಮಾತೂ ತಿಳಿಸದೆ ಅರ್ಧ ಪಿಂಚಣಿ ಹಿಡಿಯುವುದು ಸರಿಯಲ್ಲ. ಪಿಂಚಣಿದಾರರ ಖಾತೆಯಿಂದ ಬ್ಯಾಂಕ್ ತಾನಾಗಿ ಹಣ ಕಡಿತ ಮಾಡಿಕೊಂಡದ್ದನ್ನು ಬಾಂಬೆ ಹೈಕೋರ್ಟಿನ ನಾಗಪುರ ಪೀಠ 2020ರಲ್ಲಿ ಒಪ್ಪದೆ ಹಣ ಮರಳಿಸಲು ಹೇಳಿದ ನಿದರ್ಶನವಿದೆ. ಕಡಿತದ ಲೆಕ್ಕ ಮತ್ತು ಆದೇಶದ ಪ್ರತಿಯನ್ನು ಬ್ಯಾಂಕಿನಿಂದ ಲಿಖಿತವಾಗಿ ಕೇಳಿ. ವಸೂಲಿ ಪೂರ್ತಿಯಾಗಿ ನಿಲ್ಲದಿದ್ದರೂ ಕಂತು ಗಣನೀಯವಾಗಿ ಇಳಿಯುವ ಸಾಧ್ಯತೆ ಚೆನ್ನಾಗಿದೆ.

ವಕೀಲರ ಶುಲ್ಕದ ಚಿಂತೆ ಬಿಡಿ. 1987ರ ಕಾನೂನು ಸೇವೆಗಳ ಪ್ರಾಧಿಕಾರಗಳ ಕಾಯ್ದೆಯ 12ನೇ ಕಲಂ ಪ್ರಕಾರ ಮಹಿಳೆಯರಿಗೆ ಆದಾಯ ಎಷ್ಟೇ ಇದ್ದರೂ ಉಚಿತ ಕಾನೂನು ನೆರವು ಸಿಗುತ್ತದೆ. ಜಿಲ್ಲಾ ನ್ಯಾಯಾಲಯದ ಆವರಣದಲ್ಲಿರುವ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರದ ಕಚೇರಿಗೆ ಪಿಂಚಣಿ ಪಾವತಿ ಆದೇಶ, ಕಳೆದ ಎರಡೂವರೆ ವರ್ಷಗಳ ಪಾಸ್‌ಬುಕ್ ನಮೂದುಗಳು ಮತ್ತು ಆಧಾರ್ ಪ್ರತಿಯನ್ನು ತೆಗೆದುಕೊಂಡು ಹೋಗಿ. ಪಾಸ್‌ಬುಕ್‌ನಲ್ಲಿ ಕಡಿತ ಶುರುವಾದ ಮೊದಲ ತಿಂಗಳಿನ ಸಾಲಿಗೆ ಪೆನ್ಸಿಲಿನಲ್ಲಿ ಗುರುತು ಹಾಕಿಟ್ಟುಕೊಳ್ಳಿ. ಅಲ್ಲಿಯ ವಕೀಲರು ಮೊದಲು ಕೇಳುವುದು ಆ ತಾರೀಖನ್ನೇ.